ರ‍್ಯಾಕ್ ಬಾಗಿಲು ಹಾಕಿದರೆ ನೆಟ್ ಹೋಗುತ್ತಿತ್ತು: ಭೋಸರಿಯ ಒಂದು ಕಾರ್ಖಾನೆಯ ಕೇಬಲಿಂಗ್ ಪ್ರಕರಣ

ಪುಣೆಯ ಭೋಸರಿ ಎಂಐಡಿಸಿ ಕೈಗಾರಿಕಾ ಪ್ರದೇಶದಲ್ಲಿ ಗಾಡಿಗಳ ಬಿಡಿಭಾಗ ಮಾಡುವ ಒಂದು ಕಾರ್ಖಾನೆ. ಮಾಲೀಕರು ಗೋಕಾಕ ಕಡೆಯವರು. ಮಷಿನ್ ಮೇಲೆ ನಿಲ್ಲುವವರಲ್ಲೂ ವಿಜಯಪುರ, ಕಲಬುರಗಿ, ಬೆಳಗಾವಿ ಕಡೆಯವರೇ ಜಾಸ್ತಿ. ಹಳೇ ಶೆಡ್‌ನಲ್ಲಿ ಆಫೀಸು, ಸರ್ವರ್ ರ‍್ಯಾಕ್, ಕಂಪ್ಯೂಟರ್ ಹೇಳಿದಂತೆ ಲೋಹ ಕೊರೆಯುವ ಸಿಎನ್‌ಸಿ ಮಷಿನ್‌ಗಳು ಇವೆ. ಕಾಂಪೌಂಡ್ ಒಳಗೇ, ಲಾರಿ ಓಡಾಡುವ ರಸ್ತೆಯ ಆಚೆ, ಹೊಸ ಶೆಡ್ ಎದ್ದಿತು. ಇನ್‌ಸ್ಪೆಕ್ಷನ್, ಸ್ಟೋರ್, ಡಿಸ್ಪ್ಯಾಚ್ ಮೂರೂ ಅಲ್ಲಿಗೆ ಹೋದವು. ಎರಡು ಶೆಡ್ ನಡುವೆ ಬೆಳಕಿನಲ್ಲಿ ಸಿಗ್ನಲ್ ಒಯ್ಯುವ ಫೈಬರ್ ಎಳೆಸಿದರು, ಹೊಸ ಶೆಡ್ ಒಳಗೆ ನಾಲ್ಕು ಜೋಡಿ ತಂತಿಯ ಕ್ಯಾಟ್ 6 ನೆಟ್‌ವರ್ಕ್ ಕೇಬಲ್ ಹಾಕಿಸಿದರು, ಸುತ್ತ ಕ್ಯಾಮೆರಾ ಕೂರಿಸಿದರು. ಎಲ್ಲವನ್ನೂ ಒಬ್ಬರೇ ಗುತ್ತಿಗೆದಾರರು ಮಾಡಿದ್ದು. ಕೆಲಸ ಮುಗಿದ ದಿನ ಕೇಬಲ್‌ಗಳೆಲ್ಲ ಬಂದು ಸೇರುವ ನೆಟ್‌ವರ್ಕ್ ಸ್ವಿಚ್‌ನಲ್ಲಿ ಎಲ್ಲ ದೀಪ ಮಿನುಗುತ್ತಿದ್ದವು, ಪೂರ್ತಿ ಬಿಲ್ ಕೊಟ್ಟಾಯ್ತು. ಕಾಟ ಶುರುವಾಗಿದ್ದು ಆಮೇಲೆ.

ಇದನ್ನು ಕನ್ನಡದಲ್ಲಿ ಪೂರ್ತಿಯಾಗಿ ಬರೆಯಬೇಕು ಅನ್ನಿಸಲು ಕಾರಣ ಇದೆ. ಪಿಂಪ್ರಿ-ಚಿಂಚ್‌ವಡ, ಚಾಕಣ ಕಡೆ ಕೇಬಲ್ ಎಳೆಯುವ, ಕ್ಯಾಮೆರಾ ಹಾಕುವ ನಮ್ಮ ಕಡೆಯ ಹುಡುಗರು ಬಹಳ ಮಂದಿ ಇದ್ದಾರೆ. ಕೈ ಚುರುಕು, ಏಣಿ ಹತ್ತಲು ಹೆದರುವುದಿಲ್ಲ, ರಾತ್ರಿ ಪಾಳಿಯಲ್ಲೂ ಕೆಲಸ ಮಾಡುತ್ತಾರೆ. ಆದರೆ ಜೋಡಿ ತಂತಿಯ ತಿರುಚನ್ನು 13 ಮಿಲಿಮೀಟರ್‌ಗಿಂತ ಜಾಸ್ತಿ ಬಿಚ್ಚಬಾರದು ಯಾಕೆ, ಕೇಬಲನ್ನು 90 ಮೀಟರ್‌ಗೆ ನಿಲ್ಲಿಸಬೇಕು ಯಾಕೆ ಅಂತ ಅವರನ್ನು ಕೂರಿಸಿಕೊಂಡು ಯಾರೂ ಹೇಳಿಲ್ಲ. ಕೇಬಲಿಂಗ್‌ನ ಅಮೆರಿಕನ್ ಮಾನದಂಡ ಟಿಐಎ-568 ಮೊದಲು ಬಂದದ್ದು 1991ರಲ್ಲಿ, ಅಂತರರಾಷ್ಟ್ರೀಯ ಮಾನದಂಡ ಐಎಸ್‌ಒ/ಐಇಸಿ 11801 ಬಂದದ್ದು 1995ರಲ್ಲಿ. ಇಷ್ಟು ವರ್ಷವಾದರೂ ಶೆಡ್ ಒಳಗೆ ಏಣಿ ಮೇಲೆ ನಿಂತವನ ಕೈಗೆ ಅವು ತಲುಪಿಲ್ಲ. ಅದು ಆ ಹುಡುಗನ ತಪ್ಪಲ್ಲ ಅಂತಲೇ ನನ್ನ ಅಭಿಪ್ರಾಯ.

ದೂರು ಮೂರು ಇದ್ದವು. ಹೊಸ ಶೆಡ್‌ಗೆ ಹೋಗುವ ಲಿಂಕ್ ಆಗಾಗ ಬೀಳುತ್ತದೆ. ರಾತ್ರಿ ಕೆಲವು ಕ್ಯಾಮೆರಾ ಆಫ್ ಆಗಿ ಮತ್ತೆ ಆನ್ ಆಗುತ್ತವೆ, ಹಗಲು ಸರಿ ಇರುತ್ತವೆ. ಡಿಸ್ಪ್ಯಾಚ್‌ನಲ್ಲಿ ಬಿಲ್ ಮಾಡುವ ಕಂಪ್ಯೂಟರ್‌ಗಳು ಎಳೆದಾಡುತ್ತವೆ, ಲಾರಿ ಗೇಟಿನಲ್ಲಿ ಕಾಯುತ್ತಾ ನಿಲ್ಲುತ್ತದೆ. ಮೊದಲು ಇಂಟರ್ನೆಟ್ ಕೊಡುವವರನ್ನು ಬೈದಾಯ್ತು. ಆಮೇಲೆ ಸ್ವಿಚ್ ಬದಲಿಸಿದರು. ಕೊನೆಗೆ ಕಂಪ್ರೆಸರ್ ಮೋಟರಿನ ವೇಗ ಹೆಚ್ಚುಕಮ್ಮಿ ಮಾಡುವ ವಿಎಫ್‌ಡಿಯಿಂದಲೇ ಎಲ್ಲ ಅಂತ ಎಲೆಕ್ಟ್ರಿಷಿಯನ್ ತೀರ್ಮಾನ ಕೊಟ್ಟ. ಮಾಲೀಕರಿಗೆ ಮಾತ್ರ ಸಮಾಧಾನ ಇರಲಿಲ್ಲ, ನನ್ನನ್ನು ಕರೆಸಿದರು. "ಲೈಟ್ ಹತ್ತೇತಿ ಅಂದ್ರ ಕನೆಕ್ಷನ್ ಐತಿ ಅಂತ ಅಲ್ಲೇನ್ರಿ? ಮತ್ತ ಯಾಕ ಹೋಗ್ತೈತಿ?" ಅಂತ ಕೇಳಿದರು. ಸರಿಯಾದ ಪ್ರಶ್ನೆ. ದೀಪ ಹತ್ತಿದರೆ ಎರಡು ಕಡೆಯ ಯಂತ್ರ ಒಂದನ್ನೊಂದು ಗುರುತಿಸಿವೆ ಅಂತಷ್ಟೇ ಗೊತ್ತಾಗುತ್ತದೆ. ಎಷ್ಟು ಬಲದಲ್ಲಿ ಹಿಡಿದುಕೊಂಡಿವೆ, ಅಂಚಿನಲ್ಲಿ ನೇತಾಡುತ್ತಿವೆಯೋ ಅಂತ ಅದು ಹೇಳುವುದಿಲ್ಲ. ಟೆಸ್ಟ್ ರಿಪೋರ್ಟ್ ಕೇಳಿದೆ. ಎಂಟು ಎಲ್‌ಇಡಿ ಇರುವ ಪುಟ್ಟ ಟೆಸ್ಟರ್ ಹಚ್ಚಿ ತೋರಿಸಿದ್ದಾರೆ, ಕಾಗದ ಏನೂ ಕೊಟ್ಟಿಲ್ಲ ಅಂದರು.

ಫೈಬರ್‌ನ ಕಥೆ

ಮೊದಲ ಸುಳಿವು ಕೊಟ್ಟಿದ್ದು ಮೇಂಟೆನೆನ್ಸ್ ನೋಡಿಕೊಳ್ಳುವ ಇಂಡಿ ಕಡೆಯ ಹುಡುಗ. "ಸರ್, ರ‍್ಯಾಕಿನ ಬಾಗಲಾ ಹಾಕಿದ್ರ ನೆಟ್ ಹೊಕ್ಕೈತ್ರಿ, ತಗದ್ರ ಬರ್ತೈತ್ರಿ" ಅಂದ. ಅವನ ಮಾತನ್ನು ಅಲ್ಲಿಯವರೆಗೆ ಯಾರೂ ಕಿವಿಗೆ ಹಾಕಿಕೊಂಡಿರಲಿಲ್ಲ. ನನಗೆ ಅದು ಬಂಗಾರದಂಥ ಮಾಹಿತಿ.

ಫೈಬರ್‌ಗೆ ಬೆಳಕು ಕಳಿಸಿ, ಬಂದ ಬೆಳಕನ್ನು ಓದಲು ಎರಡೂ ಕಡೆ ಸ್ವಿಚ್‌ಗೆ ಹಾಕಿದ್ದು 10ಜಿ ಎಲ್‌ಆರ್ ಮಾಡ್ಯೂಲ್. ಒಳಗೆ ಬರುವ ಬೆಳಕು ಕನಿಷ್ಠ ಮೈನಸ್ 14.4 ಡಿಬಿಎಂ ಇರಬೇಕು ಅಂತ ಆ ಎಲ್‌ಆರ್‌ನ ನಿಯಮ (ಡಿಬಿಎಂ ಬೆಳಕಿನ ಬಲದ ಅಳತೆ, ಮೈನಸ್ ಅಂಕಿ ದೊಡ್ಡದಾದಷ್ಟೂ ಬೆಳಕು ಕಮ್ಮಿ). ಈ ಮಾಡ್ಯೂಲ್‌ಗಳೇ ತಮಗೆ ಬರುವ ಬೆಳಕನ್ನು ಅಳೆದು ಹೇಳುತ್ತವೆ, ಸ್ವಿಚ್ ಒಳಗೆ ಹೋಗಿ ನೋಡಿದರೆ ಸಾಕು. ಬಾಗಿಲು ತೆರೆದಿದ್ದಾಗ ಮೈನಸ್ 12.3. ಅಂದರೆ ಅಂಚಿನಿಂದ ಎರಡೇ ಡಿಬಿ ಮೇಲೆ. ಬಾಗಿಲು ನಿಧಾನ ತಳ್ಳುತ್ತಾ ಹೋದರೆ ಸ್ವಿಚ್‌ಗೆ ಚುಚ್ಚಿದ ಗಿಡ್ಡ ಫೈಬರ್, ಅಂದರೆ ಪ್ಯಾಚ್ ಕಾರ್ಡ್, ಬಾಗಿಲ ಅಂಚಿಗೆ ಸಿಕ್ಕಿ ಮಡಚಿಕೊಳ್ಳುತ್ತದೆ, ಅಂಕಿ ಇಳಿಯುತ್ತದೆ, ಲಿಂಕ್ ಬೀಳುತ್ತದೆ. ಹಳದಿ ಪ್ಯಾಚ್ ಕಾರ್ಡ್ ಮೇಲೆ ಸಾಮಾನ್ಯ ಜಿ.652.ಡಿ ಫೈಬರ್ ಅಂತ ಅಚ್ಚು ಇತ್ತು. ಅದನ್ನು 30 ಮಿಮೀ ತ್ರಿಜ್ಯಕ್ಕಿಂತ ಬಿಗಿಯಾಗಿ ಬಗ್ಗಿಸಬಾರದು. ಬಗ್ಗಿಸಲೆಂದೇ ಮಾಡಿದ ಜಿ.657.ಎ1 ಆದರೆ 10 ಮಿಮೀವರೆಗೆ ತಾಳುತ್ತದೆ. ಈ ಬಾಗಿಲು ಮಾಡುತ್ತಿದ್ದ ಮಡಿಕೆ ಅದಕ್ಕಿಂತಲೂ ಬಿಗಿ.

ಆದರೆ ಮಡಿಕೆ ಬಿಡಿಸಿದರೂ ಮೈನಸ್ 12.3 ಯಾಕೆ? ಇಷ್ಟು ಚಿಕ್ಕ ದಾರಿಗೆ ಅಷ್ಟು ನಷ್ಟ ಆಗಲೇಬಾರದು. ಲೆಕ್ಕ ಮಾಡಿ ನೋಡಿ. ಕೇಬಲ್ ಉದ್ದ ಸುಮಾರು 140 ಮೀಟರ್. ಹೊರಗಿನ ಸಿಂಗಲ್ ಮೋಡ್ ಕೇಬಲ್‌ಗೆ ಟಿಐಎ ಒಪ್ಪುವ ನಷ್ಟ ಕಿಲೋಮೀಟರ್‌ಗೆ 0.5 ಡಿಬಿ, ಅಂದರೆ ಇಲ್ಲಿ 0.07. ಎರಡು ತುದಿಯಲ್ಲಿ ಕನೆಕ್ಟರ್ ಜೋಡಣೆ, ಒಂದಕ್ಕೆ ಜಾಸ್ತಿ ಎಂದರೆ 0.75, ಎರಡಕ್ಕೆ 1.5. ಕನೆಕ್ಟರ್ ಇರುವ ಗಿಡ್ಡ ಎಳೆಯನ್ನು (ಪಿಗ್‌ಟೇಲ್) ಕೇಬಲ್‌ಗೆ ಕರಗಿಸಿ ಬೆಸೆದ ಸ್ಪ್ಲೈಸ್ ಎರಡು, ತಲಾ 0.3 ಹಿಡಿದರೆ 0.6. ಎಲ್ಲ ಸೇರಿ 2.2 ಡಿಬಿ ಒಳಗೆ ಇರಬೇಕು, ಒಳ್ಳೆಯ ಕೆಲಸವಾದರೆ ಒಂದರೊಳಗೇ ಬರುತ್ತದೆ. ಲೈಟ್ ಸೋರ್ಸ್, ಪವರ್ ಮೀಟರ್ ಹಚ್ಚಿದರೆ 9.1 ಬಂತು. ಮೂರು ಡಿಬಿಗೆ ಬೆಳಕು ಅರ್ಧ ಆಗುತ್ತದೆ. ಒಂಬತ್ತು ಡಿಬಿ ಅಂದರೆ ಕಳಿಸಿದ ಬೆಳಕಿನಲ್ಲಿ ಎಂಟರಲ್ಲೊಂದು ಪಾಲು ಮಾತ್ರ ತಲುಪುತ್ತಿದೆ.

ಫೈಬರ್ ಬಂದು ಸೇರುವ ಪ್ಯಾನೆಲ್ ತೆಗೆದಾಗ ಕಾರಣ ಕಣ್ಣಿಗೇ ಕಂಡಿತು. ಒಳಗಿನ ಪಿಗ್‌ಟೇಲ್‌ಗಳ ತುದಿ ಹಸಿರು, ಹೊರಗಿಂದ ಚುಚ್ಚಿದ ಪ್ಯಾಚ್ ಕಾರ್ಡ್‌ನ ತುದಿ ನೀಲಿ. ಹಸಿರು ಅಂದರೆ ಎಪಿಸಿ, ಅದರ ಮುಖವನ್ನು 8 ಡಿಗ್ರಿ ಓರೆಯಾಗಿ ಉಜ್ಜಿರುತ್ತಾರೆ. ನೀಲಿ ಅಂದರೆ ಯುಪಿಸಿ, ಅದರ ಮುಖಕ್ಕೆ ಆ ಓರೆ ಇಲ್ಲ. ಓರೆಯಾಗಿ ಕೊಯ್ದ ಕಬ್ಬಿನ ತುಂಡಿಗೆ ನೇರವಾಗಿ ಕೊಯ್ದ ತುಂಡನ್ನು ಆನಿಸಿದರೆ ನಡುವೆ ಸಂದು ಉಳಿಯುತ್ತದಲ್ವಾ, ಇಲ್ಲೂ ಹಾಗೇ. ಬೆಳಕು ಓಡುವ ತಿರುಳು ಸುಮಾರು 9 ಮೈಕ್ರಾನ್ ಅಷ್ಟೇ ಇರುವಾಗ ಆ ಚೂರು ಸಂದೇ ದೊಡ್ಡ ಕಂದಕ. ಎರಡೂ ತುದಿಯಲ್ಲಿ ಹೀಗೇ ಇತ್ತು. ಎಸ್‌ಸಿ ಕನೆಕ್ಟರ್ ಆದ್ದರಿಂದ ಹಸಿರು, ನೀಲಿ ಎರಡೂ ತುದಿಗೆ ತುದಿ ಸೇರಿಸುವ ಅಡಾಪ್ಟರ್ ಒಳಗೆ ಟಕ್ ಅಂತ ಕೂರುತ್ತವೆ, ಕೈಗೆ ಏನೂ ಗೊತ್ತಾಗುವುದಿಲ್ಲ.

ಇದು ಹೇಗಾಯ್ತು ಅಂತ ಊಹಿಸುವುದು ಕಷ್ಟವಲ್ಲ. ಸ್ಪ್ಲೈಸ್ ಮಾಡಲು ಬರುವವರು ಹೆಚ್ಚಾಗಿ ಮನೆಮನೆಗೆ ಬ್ರಾಡ್‌ಬ್ಯಾಂಡ್ ಫೈಬರ್ ಹಾಕುವ ಕೆಲಸದಿಂದಲೇ ಬಂದವರು. ಆ ಕೆಲಸದಲ್ಲಿ ಹೆಚ್ಚಾಗಿ ಹಸಿರೇ. ಚೀಲದಲ್ಲಿ ಇದ್ದದ್ದನ್ನು ಹಾಕಿದ್ದಾರೆ. ಸ್ಪ್ಲೈಸ್ ಮಾತ್ರ ಚೊಕ್ಕವಾಗಿತ್ತು, ಟ್ರೇ ಒಳಗೆ ಸುರುಳಿ ಸುತ್ತಿದ್ದೂ ಅಚ್ಚುಕಟ್ಟು. ಕೆಲಸ ಬರುತ್ತದೆ, ಕೊನೆಗೆ ಅಳೆಯಲಿಲ್ಲ ಅಷ್ಟೇ. ಪವರ್ ಮೀಟರ್ ಹಚ್ಚಿದ್ದರೆ ಅಲ್ಲೇ, ಅವತ್ತೇ, ಗೊತ್ತಾಗುತ್ತಿತ್ತು.

ಕೇಬಲ್‌ನ ಆರೂ ಫೈಬರ್ ಎಳೆಗೆ ನೀಲಿ ಪಿಗ್‌ಟೇಲ್ ಹಾಕಿ ಮತ್ತೆ ಸ್ಪ್ಲೈಸ್ ಮಾಡಿಸಿದೆವು, ಅಡಾಪ್ಟರ್ ಬದಲಿಸಿದೆವು. ಹಳೇ ಪ್ಯಾಚ್ ಕಾರ್ಡ್‌ಗಳ ಮುಖವನ್ನು ದೊಡ್ಡದಾಗಿ ತೋರಿಸುವ ಸ್ಕೋಪ್‌ನಲ್ಲಿ ನೋಡಿದರೆ ಗೀರು ಇದ್ದವು, ಅವನ್ನೂ ಬಿಸಾಡಿ ಹೊಸದು ತಂದೆವು. ಹೊಸದನ್ನೂ ಸ್ಕೋಪ್‌ನಲ್ಲಿ ನೋಡಿ, ಒರೆಸಿ, ಮತ್ತೆ ನೋಡಿಯೇ ಚುಚ್ಚಿದ್ದು. ಕವರ್‌ನಿಂದ ಈಗಷ್ಟೇ ತೆಗೆದದ್ದು ಸ್ವಚ್ಛ ಅಂತ ನಂಬಬೇಡಿ, ತುದಿಯ ಟೋಪಿಯಿಂದಲೇ ಧೂಳು ಅಂಟಿರುತ್ತದೆ. ಯಾವ ಗೀರು ಎಲ್ಲಿದ್ದರೆ ಪಾಸ್, ಎಲ್ಲಿದ್ದರೆ ಫೇಲ್ ಅಂತ ಐಇಸಿ 61300-3-35 ಮಾನದಂಡ ಹೇಳುತ್ತದೆ. ಎಲ್ಲ ಮುಗಿದ ಮೇಲೆ ನಷ್ಟ 0.7 ಡಿಬಿ. ಅಳೆದಿದ್ದು ಬೆಳಕಿನ ಎರಡು ತರಂಗಾಂತರದಲ್ಲಿ, 1310 ಮತ್ತು 1550 ನ್ಯಾನೊಮೀಟರ್. ಲಿಂಕ್ ಓಡುವುದು 1310ರಲ್ಲೇ ಆದರೂ 1550 ಯಾಕೆ ಅಂದರೆ, ಮಡಿಕೆ ಎಲ್ಲಾದರೂ ಇದ್ದರೆ 1550ರಲ್ಲಿ ನಷ್ಟ ಎಷ್ಟೋ ಜಾಸ್ತಿ ಕಾಣುತ್ತದೆ. ಎರಡೂ ಹತ್ತಿರ ಹತ್ತಿರ ಬಂದರೆ ದಾರಿಯಲ್ಲಿ ಎಲ್ಲೂ ಕೇಬಲ್ ಹಿಸುಕಿಲ್ಲ ಅಂತ ಧೈರ್ಯ.

ಬೆಳಕಿನ ಮಿಡಿತ ಕಳಿಸಿ, ಮರಳಿ ಬಂದದ್ದರಿಂದ ನಷ್ಟ ಎಲ್ಲಿದೆ ಅಂತ ತೋರಿಸುವ ಒಟಿಡಿಆರ್ ಕೂಡ ಹಚ್ಚಿದೆವು. ಇಷ್ಟು ಚಿಕ್ಕ ಲಿಂಕ್‌ಗೆ ಮುಂದೆ ಸೇರಿಸುವ ಉದ್ದ ಫೈಬರ್ (ಲಾಂಚ್ ಕೇಬಲ್) ಇಲ್ಲದೆ ಒಟಿಡಿಆರ್ ಹಚ್ಚಿ ಪ್ರಿಂಟ್ ಕೊಟ್ಟರೆ ಅದನ್ನು ತೆಗೆದುಕೊಳ್ಳಬೇಡಿ, ಮೊದಲ ಕನೆಕ್ಟರ್ ಯಂತ್ರದ ಕುರುಡು ವಲಯದೊಳಗೇ ಮುಚ್ಚಿಹೋಗಿರುತ್ತದೆ.

ಹೊರಗಿನ ದಾರಿಯ ಬಗ್ಗೆ ಹೆಚ್ಚು ಹೇಳುವುದಿಲ್ಲ. ಎಚ್‌ಡಿಪಿಇ ಪೈಪ್, ಉಕ್ಕಿನ ಕವಚ (ಆರ್ಮರ್) ಇರುವ ಕೇಬಲ್, ಮಳೆಗಾಲಕ್ಕೆ ತಕ್ಕದ್ದೇ. ಎರಡು ಸರಿಪಡಿಸಿದೆವು. ಆರ್ಮರ್‌ನ ಉಕ್ಕನ್ನು ಕತ್ತರಿಸಿ ಟೇಪ್ ಸುತ್ತಿ ಬಿಟ್ಟಿದ್ದರು, ಅದನ್ನು ಅರ್ಥಿಂಗ್ ಬಾರ್‌ಗೆ ಸೇರಿಸಿದೆವು. ಹೊರಗಿನ ಕಪ್ಪು ಪಾಲಿಥೀನ್ ಹೊದಿಕೆಯ ಕೇಬಲನ್ನೇ ಶೆಡ್ ಒಳಗೆ ಗೋಡೆಗುಂಟ ರ‍್ಯಾಕ್‌ವರೆಗೂ ಹಾಗೇ ತಂದಿದ್ದರು. ಪಾಲಿಥೀನ್ ಬೆಂಕಿ ಹತ್ತಿದರೆ ಚೆನ್ನಾಗಿ ಉರಿಯುತ್ತದೆ. ಅಮೆರಿಕದ ವಿದ್ಯುತ್ ಸುರಕ್ಷತಾ ನಿಯಮ ಎನ್‌ಇಸಿ ಇಂಥ ಕೇಬಲನ್ನು ಕಟ್ಟಡದೊಳಗೆ ಬರಿದೇ 50 ಅಡಿಗಿಂತ ಜಾಸ್ತಿ ಬಿಡುವುದಿಲ್ಲ. ಇಲ್ಲಿ ಅದನ್ನು ಜಿಐ ಪೈಪಿನೊಳಗೆ ಹಾಕಿಸಿದೆವು.

ರಾತ್ರಿ ಬೀಳುವ ಕ್ಯಾಮೆರಾಗಳು

ಹಗಲು ಸರಿ, ರಾತ್ರಿ ಕೆಡುತ್ತದೆ ಅಂದ ತಕ್ಷಣ ಕರೆಂಟ್ ಕಡೆ ನೋಡಬೇಕು. ಕತ್ತಲಾದಾಗ ಕ್ಯಾಮೆರಾ ತನ್ನ ಸುತ್ತ ಇರುವ ಇನ್‌ಫ್ರಾರೆಡ್ ದೀಪಗಳನ್ನು ಹತ್ತಿಸಿಕೊಳ್ಳುತ್ತದೆ, ಅದಕ್ಕೆ ಕರೆಂಟ್ ಜಾಸ್ತಿ ಬೇಕು. ನೆಟ್‌ವರ್ಕ್ ಕೇಬಲ್‌ನಲ್ಲೇ ಕರೆಂಟನ್ನೂ ಕಳಿಸುವ ಸರಿಯಾದ ಪಿಒಇ ಸ್ವಿಚ್ ಇಲ್ಲಿ ಇರಲಿಲ್ಲ. 12 ವೋಲ್ಟ್ ಅಡಾಪ್ಟರ್ ಒಂದನ್ನು ರ‍್ಯಾಕ್ ಹತ್ತಿರ ಇಟ್ಟು, ಪುಟ್ಟ ಸ್ಪ್ಲಿಟರ್ ಹಾಕಿ, ಕೇಬಲ್‌ನ ನೀಲಿ ಮತ್ತು ಕಂದು ಜೋಡಿಯಲ್ಲಿ ಕರೆಂಟ್ ಕಳಿಸುತ್ತಿದ್ದರು.

ಮಾಲೀಕರ ಮುಂದೆಯೇ ತೋರಿಸೋಣ ಅಂತ ಅಂದಾಜು 60 ಮೀಟರ್ ದೂರದ ಕ್ಯಾಮೆರಾ ಹತ್ತಿರ ಏಣಿ ಹಾಕಿದೆವು. ಕ್ಯಾಮೆರಾಗೆ ಹೋಗುವ ತಂತಿಗೆ ಮಲ್ಟಿಮೀಟರ್ ಹಚ್ಚಿದರೆ ಹಗಲಲ್ಲೂ 10 ವೋಲ್ಟ್ ಇಲ್ಲ. ಆಮೇಲೆ ಕ್ಯಾಮೆರಾದ ಮುಖವನ್ನು ಅಂಗೈಯಿಂದ ಮುಚ್ಚಿದೆ. ಒಂದೆರಡು ಕ್ಷಣ ಏನೂ ಇಲ್ಲ. ಕತ್ತಲಾಯ್ತು ಅಂತ ಅದು ತಿಳಿದುಕೊಂಡಿತು, ಟಿಕ್ ಅಂತ ಸಣ್ಣ ಸದ್ದಾಯಿತು, ಬೆರಳ ಸಂದಿಯಲ್ಲಿ ಮಂದ ಕೆಂಪು ಚುಕ್ಕೆಗಳು ಕಂಡವು. ಮೀಟರ್ ಸರ್ರನೆ 8ಕ್ಕಿಂತ ಕೆಳಗೆ ಇಳಿಯಿತು, ಕೆಂಪು ಆರಿತು, ಕ್ಯಾಮೆರಾ ಸತ್ತಿತು. ಮತ್ತೆ ತಾನೇ ಶುರುವಾಯಿತು. "ಹಿಂಗ ರಾತ್ರಿಪೂರ್ತಿ ಸಾಯೋದು, ಏಳೋದು ಮಾಡ್ತಿತ್ತೇನ್ರಿ ಇದು?" ಅಂದರು ಮಾಲೀಕರು. ಹೌದು, ಬೆಳಗಾಗುವವರೆಗೂ ಅದೇ ಕೆಲಸ.

ವೋಲ್ಟೇಜ್ ಇಷ್ಟು ಬೀಳಲು 12 ವೋಲ್ಟನ್ನು ಅಷ್ಟು ದೂರ ಕಳಿಸಿದ್ದು ಒಂದು ಕಾರಣ, ಇನ್ನೊಂದು ಕೇಬಲ್ ಒಳಗೇ ಇತ್ತು. ಒಂದು ತಂತಿಯ ತುದಿಯನ್ನು ಬ್ಲೇಡ್‌ನಿಂದ ಹೆರೆದೆ. ಮೇಲೆ ತಾಮ್ರದ ಬಣ್ಣ, ಒಳಗೆ ಬೆಳ್ಳಗೆ. ಇದು ಸಿಸಿಎ, ಅಂದರೆ ಅಲ್ಯೂಮಿನಿಯಂ ತಂತಿಗೆ ತಾಮ್ರದ ಲೇಪ. ತಾಮ್ರಕ್ಕಿಂತ ಸುಮಾರು ಒಂದೂವರೆ ಪಟ್ಟು ಪ್ರತಿರೋಧ. ಟಿಐಎ ಪ್ರಕಾರ 100 ಮೀಟರ್ ತಂತಿಯ ಪ್ರತಿರೋಧ 9.38 ಓಮ್ ದಾಟಬಾರದು, ಸಿಸಿಎ ಅಲ್ಲೇ ಬಿದ್ದುಹೋಗುತ್ತದೆ. ಡಬ್ಬಿ ಮೇಲೆ ದೊಡ್ಡದಾಗಿ ಕ್ಯಾಟ್ 6 ಅಂತ ಬರೆದರೂ ಅದು ಕ್ಯಾಟ್ 6 ಅಲ್ಲ. ಅಂಗಡಿಯಲ್ಲೇ ಪತ್ತೆ ಹಚ್ಚಬೇಕೆಂದರೆ ಡಬ್ಬಿ ಎತ್ತಿ ನೋಡಿ. ಅದೇ ಉದ್ದದ ತಾಮ್ರದ ಡಬ್ಬಿಗಿಂತ ಹಗುರ ಇರುತ್ತದೆ. ತುದಿ ಹೆರೆದು ನೋಡಿದರೆ ಅನುಮಾನ ಪೂರ್ತಿ ತೀರುತ್ತದೆ.

ಇಲ್ಲಿ ತಡೆಯುವ ಮಾತೇ ಇರಲಿಲ್ಲ. ಕ್ಯಾಮೆರಾ ಕೇಬಲ್ ಎಲ್ಲ ಕಿತ್ತು ಗಟ್ಟಿ ತಾಮ್ರದ್ದು ಎಳೆಸಿದೆವು, ಐಇಇಇ 802.3ಎಎಫ್ ಪ್ರಕಾರದ ಪಿಒಇ ಸ್ವಿಚ್ ತಂದೆವು. ಅದು ಕಳಿಸುವುದು ಹತ್ತಿರ ಹತ್ತಿರ 48 ವೋಲ್ಟ್. ಅದೇ ವ್ಯಾಟ್‌ಗೆ ವೋಲ್ಟ್ ನಾಲ್ಕು ಪಟ್ಟಾದರೆ ಕರೆಂಟ್ ಕಾಲು ಭಾಗ ಸಾಕು, ದಾರಿಯಲ್ಲಿ ಕಳೆಯುವ ವೋಲ್ಟೂ ಕಾಲು ಭಾಗಕ್ಕೆ ಇಳಿಯುತ್ತದೆ. ರಾತ್ರಿಯ ದೂರು ಅಲ್ಲಿಗೆ ಮುಗಿಯಿತು.

ಎಳೆಯುವಾಗ ಹುಡುಗರಿಗೆ ಒಂದು ಮಾತು ಮತ್ತೆ ಮತ್ತೆ ಹೇಳಬೇಕಾಯಿತು. ಕ್ಯಾಟ್ 6 ಕೇಬಲನ್ನು 110 ನ್ಯೂಟನ್‌ಗಿಂತ ಜಾಸ್ತಿ ಜಗ್ಗಬಾರದು, ಅಂದರೆ ಸುಮಾರು 11 ಕೆಜಿ ತೂಕದ ಎಳೆತ. ಪೈಪಿನಲ್ಲಿ ಸಿಕ್ಕಿಕೊಂಡಾಗ ಇಬ್ಬರು ಸೇರಿ ಕಾಲು ಕೊಟ್ಟು ಜಗ್ಗಿದರೆ ಅದು ಎಷ್ಟು ಪಟ್ಟು ಆಗುತ್ತದೋ! ಕೇಬಲ್ ತುಂಡಾಗುವುದಿಲ್ಲ, ಒಳಗಿನ ಜೋಡಿಗಳ ತಿರುಚು ಹಿಗ್ಗುತ್ತದೆ, ಹೊರಗಿಂದ ಏನೂ ಕಾಣುವುದಿಲ್ಲ. ಅದಕ್ಕೇ ಪೈಪಿನಲ್ಲಿ ಎರಡು 90 ಡಿಗ್ರಿ ತಿರುವಿಗಿಂತ ಜಾಸ್ತಿ ಇದ್ದರೆ ನಡುವೆ ಕೇಬಲ್ ಹೊರಗೆಳೆದುಕೊಳ್ಳಲು ಪುಲ್ ಬಾಕ್ಸ್ ಇಡಬೇಕು, ಪೈಪ್ ತುಂಬ ತುರುಕದೆ ಒಳಜಾಗದ ಶೇ. 40ಕ್ಕೆ ನಿಲ್ಲಿಸಬೇಕು.

ಡಿಸ್ಪ್ಯಾಚ್‌ನ ಎಳೆದಾಟ

ಎಲೆಕ್ಟ್ರಿಷಿಯನ್ ಮಾತಿನಲ್ಲಿ ಸ್ವಲ್ಪ ನಿಜ ಇತ್ತು. ಕಂಪ್ರೆಸರ್‌ನ ವಿಎಫ್‌ಡಿಯಿಂದ ಮೋಟರಿಗೆ ಹೋಗುವ ಕೇಬಲ್ ಮತ್ತು ನೆಟ್‌ವರ್ಕ್ ಕೇಬಲ್‌ಗಳು ಒಂದೇ ಟ್ರೇಯಲ್ಲಿ ಮೈಗೆ ಮೈ ತಾಗಿಸಿಕೊಂಡು ಮಲಗಿದ್ದವು. ಆದರೆ ಕಂಪ್ರೆಸರ್ ಪೂರ್ತಿ ಬಂದ್ ಮಾಡಿಸಿ, ಕೇಬಲ್ ಮಾನದಂಡಕ್ಕೆ ಸರಿ ಇದೆಯೇ ಅಂತ ಅಳೆಯುವ ಸರ್ಟಿಫೈಯರ್ ಹಚ್ಚಿದರೂ ಡಿಸ್ಪ್ಯಾಚ್‌ನ ಆರು ಕೇಬಲ್ ನೆಕ್ಸ್ಟ್ ಪರೀಕ್ಷೆಯಲ್ಲಿ ಫೇಲ್. ಒಂದು ಜೋಡಿಯ ಸಿಗ್ನಲ್ ಪಕ್ಕದ ಜೋಡಿಗೆ ಎಷ್ಟು ಸೋರುತ್ತದೆ ಅಂತ ಅಳೆಯುವುದೇ ನೆಕ್ಸ್ಟ್. ಹಾಗಾದರೆ ಮುಖ್ಯ ರೋಗ ಕಂಪ್ರೆಸರ್ ಅಲ್ಲ.

ಜಾಕ್ ಇಲ್ಲ, ಪ್ಯಾಚ್ ಪ್ಯಾನೆಲ್ ಇಲ್ಲ, ಗೋಡೆಯಿಂದ ಇಳಿದ ಕೇಬಲ್‌ಗೆ ನೇರ ಪ್ಲಗ್ ಒತ್ತಿದ್ದರು. ಪ್ಲಗ್‌ನ ಪಾರದರ್ಶಕ ಮೂತಿಯೊಳಗೆ ಬಣ್ಣ ನೋಡಿದೆ. ಬಿಳಿ-ಕಿತ್ತಳೆ, ಕಿತ್ತಳೆ, ಬಿಳಿ-ಹಸಿರು, ಹಸಿರು, ಬಿಳಿ-ನೀಲಿ, ನೀಲಿ, ಬಿಳಿ-ಕಂದು, ಕಂದು. ನೋಡಲು ಎಷ್ಟು ಸಾಲಾಗಿ, ಚೆಂದವಾಗಿ ಇದೆ! ಎರಡೂ ತುದಿಯಲ್ಲಿ ಅದೇ ಸಾಲು, ಹಾಗಾಗಿ ಎಂಟು ಎಲ್‌ಇಡಿ ಟೆಸ್ಟರ್‌ನಲ್ಲಿ ಎಂಟೂ ದೀಪ ವರಸೆಯಾಗಿ ಹತ್ತುತ್ತವೆ. ಆದರೆ ಪ್ಲಗ್‌ನ ಜೋಡಿಗಳು 1-2, 3-6, 4-5, 7-8. ಈ ಸಾಲಿನಲ್ಲಿ 3ರಲ್ಲಿ ಬಿಳಿ-ಹಸಿರು ಬಂತು, 6ರಲ್ಲಿ ನೀಲಿ ಬಂತು. ಒಂದೇ ಸಿಗ್ನಲ್‌ನ ಎರಡು ತಂತಿ ಬೇರೆ ಬೇರೆ ಜೋಡಿಗೆ ಸೇರಿದವು. ಎರಡು ತಂತಿಯನ್ನು ಒಟ್ಟಿಗೆ ತಿರುಚುವುದೇ ಹೊರಗಿನ ಗದ್ದಲ ಎರಡರ ಮೇಲೂ ಒಂದೇ ಸಮ ಬೀಳಲಿ, ಆ ಕಡೆ ಒಂದರಿಂದ ಒಂದನ್ನು ಕಳೆದಾಗ ಅಳಿಸಿಹೋಗಲಿ ಅಂತ. ಜೋಡಿ ಮುರಿದರೆ ಆ ರಕ್ಷಣೆ ಹೋಯಿತು. ಸ್ವಿಚ್‌ನಲ್ಲಿ ಆ ಪೋರ್ಟ್‌ಗಳ ಸಿಆರ್‌ಸಿ ಎರರ್ ಎಣಿಕೆ, ಅಂದರೆ ಕೆಟ್ಟು ಬಂದ ಡೇಟಾದ ಲೆಕ್ಕ, ನೋಡನೋಡುತ್ತಿದ್ದಂತೆ ಏರುತ್ತಿತ್ತು.

ಮಾನದಂಡದ 568ಬಿ ಸಾಲು ಬರೆದು ಗೋಡೆಗೆ ಅಂಟಿಸಿದೆವು: ಬಿಳಿ-ಕಿತ್ತಳೆ, ಕಿತ್ತಳೆ, ಬಿಳಿ-ಹಸಿರು, ನೀಲಿ, ಬಿಳಿ-ನೀಲಿ, ಹಸಿರು, ಬಿಳಿ-ಕಂದು, ಕಂದು. ಎಲ್ಲ ಕೇಬಲ್‌ಗೂ ಒಂದು ಕಡೆ ಜಾಕ್, ಇನ್ನೊಂದು ಕಡೆ ಪ್ಯಾಚ್ ಪ್ಯಾನೆಲ್. ತಿರುಚು ಬಿಚ್ಚಿದ್ದು 13 ಮಿಮೀ ಒಳಗೆ. ಬಿಗಿದಿದ್ದ ಪ್ಲಾಸ್ಟಿಕ್ ಟೈ ಕತ್ತರಿಸಿ ವೆಲ್ಕ್ರೊ ಸುತ್ತಿಸಿದೆವು. ಇಷ್ಟಾದ ಮೇಲೆ ಸರ್ಟಿಫೈಯರ್‌ನಲ್ಲಿ ಆರೂ ಪಾಸ್. ಆದರೂ ಎರಡು ಪೋರ್ಟ್‌ನಲ್ಲಿ ಕಂಪ್ರೆಸರ್ ಓಡುವಾಗ ಮಾತ್ರ ಎರರ್ ಬರುತ್ತಿತ್ತು. ಅದು ವಿಎಫ್‌ಡಿಯ ಪಾಲು. ನೆಟ್‌ವರ್ಕ್‌ಗೆ ಬೇರೆ ಟ್ರೇ ಹಾಕಿಸಿ, ವಿಎಫ್‌ಡಿ ಕೇಬಲ್ ದಾಟುವ ಕಡೆ ಅಡ್ಡವಾಗಿ ನೇರ ದಾಟಿಸಿದ ಮೇಲೆ ಅದೂ ನಿಂತಿತು. ಕಾರ್ಖಾನೆಗಳ ಇಂಥ ಪರಿಸರಕ್ಕೆಂದೇ 11801ರಲ್ಲಿ ಮೂರನೇ ಭಾಗ ಇದೆ. ಶೆಡ್ ಕಟ್ಟುವಾಗ ಎಲೆಕ್ಟ್ರಿಕಲ್ ಡ್ರಾಯಿಂಗ್ ಮಾಡುವವರೇ ಅದನ್ನು ಓದಿದ್ದರೆ ಟ್ರೇ ಮೊದಲೇ ಬೇರೆ ಆಗುತ್ತಿತ್ತು.

ಹೊಸ ಗುತ್ತಿಗೆಯಲ್ಲಿ ಬರೆಸಿದ್ದು

ಮಾಲೀಕರು ಈ ಸಲ ಕೆಲಸ ಕೊಡುವ ಮೊದಲು "ಏನ್ ಬರಸ್ಬೇಕು ಹೇಳ್ರಿ" ಅಂದರು. ನಾನು ಜಾಸ್ತಿ ಬರೆಸಲಿಲ್ಲ. ಪ್ರತಿ ಕ್ಯಾಟ್ 6 ಕೇಬಲ್‌ಗೂ ಪ್ಯಾನೆಲ್‌ನಿಂದ ಜಾಕ್‌ವರೆಗಿನ ಪರ್ಮನೆಂಟ್ ಲಿಂಕ್ ಪರೀಕ್ಷೆ, ಪ್ರತಿ ಫೈಬರ್ ಎಳೆಗೂ ಎರಡು ತರಂಗದಲ್ಲಿ ನಷ್ಟದ ಅಳತೆ. ಫಲಿತಾಂಶ ಪಿಡಿಎಫ್ ಜೊತೆಗೆ ಟೆಸ್ಟರ್‌ನ ಮೂಲ ಫೈಲ್‌ನಲ್ಲೂ ಬೇಕು, ಯಾಕೆಂದರೆ ಪಿಡಿಎಫ್ ತಿದ್ದಬಹುದು. ಟೆಸ್ಟರ್‌ನ ಕ್ಯಾಲಿಬ್ರೇಷನ್ ತಾರೀಖು ಕಾಣಬೇಕು. ಟಿಐಎ-606ರ ರೀತಿಯಲ್ಲಿ ಎರಡೂ ತುದಿಗೆ ಲೇಬಲ್, ಅದೇ ಹೆಸರು ರಿಪೋರ್ಟ್‌ನಲ್ಲೂ ಡ್ರಾಯಿಂಗ್‌ನಲ್ಲೂ ಇರಬೇಕು. ಕೊನೆಯ ಕಂತಿನ ಹಣ ಇವೆಲ್ಲ ಕೈಗೆ ಬಂದ ಮೇಲೆ. ಇದರಲ್ಲಿ ಗುತ್ತಿಗೆದಾರರಿಗೂ ಒಳ್ಳೆಯದೇ ಇದೆ. ನಾಳೆ ಯಾರೋ ಕೇಬಲ್ ಮೇಲೆ ಸ್ಟೂಲ್ ಇಟ್ಟು ಹಿಸುಕಿದರೆ, ಕೊಟ್ಟಾಗ ಸರಿ ಇತ್ತು ಅಂತ ತೋರಿಸಲು ಅವರ ಬಳಿ ಸಾಕ್ಷಿ ಇರುತ್ತದೆ. ಟೆಸ್ಟರ್ ದುಬಾರಿ, ನಿಜ. ಆದರೆ ಪುಣೆಯಲ್ಲಿ ದಿನಬಾಡಿಗೆಗೆ ಸಿಗುತ್ತದೆ.

ಉಳಿದದ್ದು ಹಳೇ ಶೆಡ್‌ನ ಕೊನೆಯ ಸಿಎನ್‌ಸಿ ಮಷಿನ್. ಅದರ ಕೇಬಲ್ 97 ಮೀಟರ್. ಎರಡೂ ತುದಿಯ ಪ್ಯಾಚ್ ಕಾರ್ಡ್‌ಗೆ 10 ಮೀಟರ್ ಬಿಟ್ಟು ನಡುವೆ ಖಾಯಂ ಎಳೆದ ಕೇಬಲ್‌ಗೆ 90 ಮೀಟರ್ ಅಂತ ಲೆಕ್ಕ. ಆ 90 ಕೂಡ 20 ಡಿಗ್ರಿ ಸೆಲ್ಸಿಯಸ್‌ನ ಲೆಕ್ಕ. ಅದಕ್ಕಿಂತ ಮೇಲೆ 40 ಡಿಗ್ರಿವರೆಗೆ ಪ್ರತಿ ಡಿಗ್ರಿಗೆ ಶೇ. 0.4, ಆಮೇಲೆ ಶೇ. 0.6 ನಷ್ಟ ಏರುತ್ತದೆ ಅಂತ ಹಿಡಿಯಬೇಕು. ತಗಡಿನ ಚಾವಣಿ ಕೆಳಗೆ ಮೇ ತಿಂಗಳಲ್ಲಿ 45 ಡಿಗ್ರಿ ಅಂದುಕೊಂಡರೆ ಶೇ. 11 ಆಯಿತು, 90 ಮೀಟರ್ ಅಲ್ಲಿ 81ಕ್ಕೆ ಇಳಿಯಿತು. 97 ಎಲ್ಲಿಂದ ಪಾಸ್ ಆಗಬೇಕು? ಸದ್ಯ ಆ ಪೋರ್ಟನ್ನು 100 ಎಂಬಿಪಿಎಸ್‌ಗೆ ಇಳಿಸಿ ಓಡಿಸುತ್ತಿದ್ದೇವೆ. ಪ್ರೋಗ್ರಾಂ ಕಳಿಸಲು ಅಷ್ಟು ಸಾಕು, ಆದರೆ ರಿಪೋರ್ಟ್‌ನಲ್ಲಿ ಫೇಲ್ ಅಂತಲೇ ಬರೆದಿದೆ, ಡ್ರಾಯಿಂಗ್‌ನಲ್ಲೂ ಹಾಗೇ ಗುರುತು ಹಾಕಿದ್ದೇವೆ. ಮಷಿನ್ ನಿಲ್ಲಿಸಲು ಈಗ ಆಗುವುದಿಲ್ಲ. ದೀಪಾವಳಿಗೆ ಕಾರ್ಖಾನೆ ಬಂದ್ ಇರುವಾಗ ಶೆಡ್‌ನ ಆ ತುದಿಯಲ್ಲಿ ಗೋಡೆಗೆ ಪುಟ್ಟ ರ‍್ಯಾಕ್ ಕೂರಿಸಿ, ಅಲ್ಲಿವರೆಗೆ ಫೈಬರ್ ಒಯ್ದು, ಅಲ್ಲಿಂದ ಮಷಿನ್‌ಗೆ ಕ್ಯಾಟ್ 6 ಇಳಿಸುವುದು ಅಂತ ಆಗಿದೆ. ಆ ಫೈಬರ್‌ಗೆ ನೀಲಿ ಪಿಗ್‌ಟೇಲ್ ಈಗಾಗಲೇ ತಂದು ಸ್ಟೋರ್‌ನಲ್ಲಿ ಇಟ್ಟಿದ್ದಾರೆ.